ಏಳನೆಯ ಜಾವಕ್ಕೆ ತಾಳ

ಕಳೆದ ಶನಿವಾರ ಪ್ರತಿಭಾ ಮಧ್ಯಾಹ್ನದ ಕಾಫಿಗೆ ಕರೆದಿದ್ದಳು. ಬೆಂಗಳೂರಿನಿಂದ ಬಂದು ಇನ್ನೂ ಎರಡು ತಿಂಗಳಾಗದ ಹುಡುಗಿ. ಗಂಡನಿಗೆ ಇಲ್ಲಿನ ಟೆಲಿಕಾಂ ಕಂಪನಿಯೊಂದರಲ್ಲಿ ಕೆಲಸ. ಫೋನಿನಲ್ಲಿ ಅವಳು ಗೇಟಿನ ಗುರುತು ಹೇಳುತ್ತಾ ಹೋದಂತೆ, ಅವರು ಹಿಡಿದಿರುವುದು ನೈರೋಬಿಯ ಲೊರೆಶೋ ಬಡಾವಣೆಯಲ್ಲಿ ನಾವು ಮೂರು ವರ್ಷದ ಹಿಂದೆ ಬಿಟ್ಟ ಮನೆಯನ್ನೇ ಎಂದು ಗೊತ್ತಾಯಿತು. ತಲೆನೋವು ಎಂದು ಹೇಳಿ ತಪ್ಪಿಸಿಕೊಳ್ಳಬಹುದಿತ್ತು. ನನಗೆ ಅಂಥ ಬುದ್ಧಿ ಬರುವುದು ಯಾವಾಗಲೂ ಕಾರು ಹತ್ತಿದ ಮೇಲೆ.

ಮನೆ ತೋರಿಸುವ ಉತ್ಸಾಹದಲ್ಲಿ ಅವಳು ಹಿತ್ತಲಿಗೂ ಕರೆದುಕೊಂಡು ಹೋದಳು. ಅಲ್ಲಿ ಕೆಲಸದವರಿಗೆಂದು ಕಟ್ಟಿಸಿದ ಒಂದೇ ಕೋಣೆಯ ಪುಟ್ಟ ಮನೆ ಇದೆ. ಈ ಊರಿನಲ್ಲಿ ಎಲ್ಲರೂ ಅದನ್ನು ಎಸ್‌ಕ್ಯೂ ಅನ್ನುತ್ತಾರೆ. ಬಟ್ಟೆ ಇಸ್ತ್ರಿಗೆ ಇಟ್ಟುಕೊಂಡಿದ್ದೇವೆ ಎನ್ನುತ್ತಾ ಬಾಗಿಲು ತೆಗೆದಳು. ತೇವದ ಗೋಡೆ, ಪೂರ್ತಿ ಒಣಗದ ಉಣ್ಣೆ, ಗೇಟಿನ ಬಳಿ ಕಾವಲುಗಾರ ಹಚ್ಚಿದ್ದ ಇದ್ದಿಲ ಒಲೆಯ ಹೊಗೆ, ಮೂರೂ ಸೇರಿದ ವಾಸನೆ ಮೂಗಿಗೆ ಬಡಿಯಿತು. ನೋಡಿದರೆ ನನ್ನ ಬಲಗೈ ತಾನಾಗಿ ತೊಡೆಯ ಮೇಲೆ ಏಳರ ತಾಳ ಹಾಕುತ್ತಿತ್ತು. ಪ್ರತಿಭಾ ಗಮನಿಸಿದಳೋ ಏನೋ, ಕಾಫಿ ಕುಡಿಯುವಾಗ ಎರಡು ಸಲ ಹುಷಾರಿದ್ದೀರಾ ಅಕ್ಕಾ ಎಂದು ಕೇಳಿದಳು.

ಜುಲೈ ತಿಂಗಳ ನೈರೋಬಿ ಎಂದರೆ ಏನೆಂದು ಊರಿನವರಿಗೆ ಹೇಳಿದರೆ ನಂಬುವುದಿಲ್ಲ. ಆಫ್ರಿಕಾ ಎಂದರೆ ಉರಿಬಿಸಿಲು ಎಂದುಕೊಂಡಿರುವ ನನ್ನ ಅಮ್ಮ, ವಿಡಿಯೋ ಕಾಲಿನಲ್ಲಿ ನಾನು ಸ್ವೆಟರ್ ಹಾಕಿಕೊಂಡು ಕಂಡರೆ ಜ್ವರವೇ ಎಂದು ಕೇಳುತ್ತಾಳೆ. ಜೂನ್ ನಡುವಿಗೆ ಮುಚ್ಚಿಕೊಂಡ ಆಕಾಶ ಆಗಸ್ಟ್ ಕಳೆದರೂ ತೆರೆಯುವುದಿಲ್ಲ. ಮಳೆಯಾದರೂ ಜೋರಾಗಿ ಬಂದೀತೇ, ಅದೂ ಇಲ್ಲ. ಬೆಳಗ್ಗೆ ಯಾವ ಬೆಳಕೋ ಸಂಜೆಗೂ ಅದೇ ಬೆಳಕು. ಮೂರು ವರ್ಷದ ಹಿಂದಿನ ಆ ಚಳಿಯಲ್ಲಿ ನನ್ನ ಗಂಡ ಗಿರೀಶ ಆ ಎಸ್‌ಕ್ಯೂ ಒಳಗೆ ಕೂತು ಒಂದು ಆಲ್ಬಮ್ ಮಾಡಿದ.

ಗಿರೀಶ ಕೀಬೋರ್ಡ್ ನುಡಿಸುವವನು. ಕೀಬೋರ್ಡ್ ಎಂದ ಕೂಡಲೇ ಮದುವೆಮನೆಯ ಆರ್ಕೆಸ್ಟ್ರಾ ಕಣ್ಣಿಗೆ ಬಂದರೆ, ಅದಲ್ಲ. ಬೆಂಗಳೂರಿನಲ್ಲಿ ನಾಲ್ವರು ಗೆಳೆಯರು ಕಟ್ಟಿಕೊಂಡಿದ್ದ ಪ್ರೋಗ್ರೆಸಿವ್ ರಾಕ್ ಬ್ಯಾಂಡು. ಒಂದೊಂದು ಹಾಡು ಹದಿನೈದು ನಿಮಿಷ. ಹಾಡುಗಾರ ಬಾಯಿ ತೆರೆಯುವ ಹೊತ್ತಿಗೆ ಮುಂದಿನ ಟೇಬಲ್ಲಿನವರು ಬಿಲ್ ತರಿಸಿಕೊಂಡಿರುತ್ತಿದ್ದರು. ನಾಲ್ಕರ ಲೆಕ್ಕದಲ್ಲಿ ಸುಮ್ಮನೆ ನಡೆಯುವ ಹಾಡೆಂದರೆ ಅವರಿಗೆ ಮರ್ಯಾದೆಗೇಡು. ಐದು, ಏಳು, ಒಂಬತ್ತು, ನಡುವೆ ಯಾರಿಗೂ ಹೇಳದೆ ಇನ್ನೊಂದು. ಚಿಕ್ಕಂದಿನಲ್ಲಿ ಸಂಗೀತದ ಮೇಷ್ಟ್ರ ಹತ್ತಿರ ಜೂನಿಯರ್ ಪರೀಕ್ಷೆವರೆಗೆ ಹಾಡು ಕಲಿತಿದ್ದ ನಾನು, ಮೊದಲ ಸಲ ಅವರ ಕಾರ್ಯಕ್ರಮಕ್ಕೆ ಹೋದಾಗ ಬೇಸರ ತಾಳಲಾರದೆ ತೊಡೆ ತಟ್ಟುತ್ತಾ ಲೆಕ್ಕ ಹಾಕುತ್ತಿದ್ದೆ. ವೇದಿಕೆ ಮೇಲಿಂದ ಅವನು ಅದನ್ನು ನೋಡಿದ. ಮದುವೆಯಾದದ್ದು ಹಾಗೆ. ಅವನ ಸಂಗೀತ ಇಷ್ಟವಾಗಿ ಅಲ್ಲ ಎಂಬುದನ್ನು ಅವನಿಗೂ ಹೇಳಿದ್ದೇನೆ.

ನೈರೋಬಿಗೆ ಪೋಸ್ಟಿಂಗ್ ಬಂದದ್ದು ನನಗೆ, ಬ್ಯಾಂಕಿನಿಂದ. ಬ್ಯಾಂಡ್ ಆ ಹೊತ್ತಿಗೆ ಮುರಿದಿತ್ತು. ಎರಡು ಕೀಬೋರ್ಡನ್ನು ಹಾಸಿಗೆಗಳಲ್ಲಿ ಸುತ್ತಿಕೊಂಡು ಅವನೂ ಬಂದ. ಅವನ ಪಾಸ್‌ಪೋರ್ಟಿನ ಮುದ್ರೆಯ ಪ್ರಕಾರ ಅವನು ಇಲ್ಲಿ ನನ್ನ ಅವಲಂಬಿತ, ಸಂಬಳದ ಕೆಲಸ ಮಾಡುವಂತಿಲ್ಲ. ಕನ್ನಡದವರು ಸೇರುವ ಕಡೆಯಲ್ಲೆಲ್ಲ ಗಂಡಸರು ಕೈಕುಲುಕಿ ನೀವು ಯಾವ ಕಂಪನಿ ಎಂದು ಕೇಳುತ್ತಿದ್ದರು. ಮೊದಮೊದಲು ಅವನು ನಗುತ್ತಾ ಹೆಂಡತಿಯ ಕಂಪನಿ ಎನ್ನುತ್ತಿದ್ದ. ಎರಡನೆಯ ವರ್ಷ ನಗು ನಿಂತಿತು, ಆಮೇಲೆ ಸೇರುವುದೂ ನಿಂತಿತು. ಹಾಸಿಗೆಯಿಂದ ಏಳುವುದು ಹನ್ನೊಂದಾಯಿತು, ಹನ್ನೆರಡಾಯಿತು. ಸೋಮಾರಿತನ ಎಂದು ನಾನು ಜಗಳವಾಡಿದೆ. ಒಂದು ಸಂಜೆ, ಅನ್ನ ಕಲಸಿಟ್ಟುಕೊಂಡವನು ತುತ್ತು ಎತ್ತಲಾರದೆ ಅತ್ತಾಗಲೇ ನನಗೆ ಭಯವಾದದ್ದು. ಡಾಕ್ಟರ್ ವಂಜಿರು ಎಂಬ ಮಧ್ಯವಯಸ್ಸಿನ ಹೆಂಗಸು ಅವನನ್ನು ಕೂರಿಸಿಕೊಂಡು ಒಂದು ಗಂಟೆ ಮಾತಾಡಿಸಿ, ಇದಕ್ಕೆ ಡಿಪ್ರೆಶನ್ ಎನ್ನುತ್ತಾರೆ ಎಂದು ಹೆಸರು ಹೇಳಿ ಮಾತ್ರೆ ಬರೆದುಕೊಟ್ಟರು.

ಹೆಸರು ಸಿಕ್ಕಿದ್ದೇ ಅವನಿಗೆ ಕೆಲಸ ಸಿಕ್ಕಿದ ಹಾಗಾಯಿತು. ಇದರ ಮೇಲೆಯೇ ಒಂದು ಆಲ್ಬಮ್ ಮಾಡುತ್ತೇನೆ, ಒಬ್ಬನೇ, ಎಲ್ಲ ನಾನೇ ನುಡಿಸಿ ಎಂದ. ಅವರ ಪಂಥದಲ್ಲಿ ಕಾನ್ಸೆಪ್ಟ್ ಆಲ್ಬಮ್ ಎಂಬುದೊಂದಿದೆ, ಮೊದಲಿನಿಂದ ಕೊನೆವರೆಗೆ ಒಂದೇ ಕಥೆ. ಇವನ ಕಥೆ ಒಬ್ಬ ಮನುಷ್ಯನ ಒಂದು ದಿನ; ದಿನಕ್ಕೆ ಎಂಟು ಜಾವ, ಜಾವಕ್ಕೊಂದು ತುಣುಕು; ಹಾಡಿಲ್ಲ, ಬರೀ ಕೀಬೋರ್ಡು. ಎಸ್‌ಕ್ಯೂ ಖಾಲಿ ಬಿದ್ದಿತ್ತು. ಮಾರುಕಟ್ಟೆಯಿಂದ ಕೆಂಪು ಚೌಕಳಿಯ ಮಸಾಯಿ ಹೊದಿಕೆಗಳನ್ನು ತಂದು ನಾಲ್ಕೂ ಗೋಡೆಗೆ ತೂಗುಹಾಕಿದ, ಸದ್ದು ಮಾರ್ದನಿಸದಿರಲಿ ಎಂದು. ಆ ಥಂಡಿಯಲ್ಲಿ ಅವು ತೇವ ಹೀರಿಕೊಂಡು ನಾರತೊಡಗಿದವು.

ನನ್ನ ಪಾಲಿನ ಕೆಲಸ ತಾಳ ಹಾಕುವುದು. ಎಲ್ಲರೂ ಕಿವಿಗೆ ಮೆಟ್ರೋನೋಮಿನ ಟಿಕ್ ಟಿಕ್ ಹಾಕಿಕೊಂಡು ನುಡಿಸುತ್ತಾರೆ. ಇವನಿಗೆ ಅದು ಆಗದು, ಅದು ಉಸಿರಾಡುವುದಿಲ್ಲ ಎಂಬ ದೂರು. ಹಾಗಾಗಿ ಭಾನುವಾರ ಬೆಳಗ್ಗೆ ನಾನು ಸ್ಟೂಲಿನ ಮೇಲೆ ಅವನೆದುರು ಕೂತು, ಏಳಕ್ಕೆ ಮಿಶ್ರಛಾಪು, ಐದಕ್ಕೆ ಖಂಡಛಾಪು ಎಂದು ತೊಡೆ ತಟ್ಟಬೇಕು. ಅವನು ನನ್ನ ಕೈ ನೋಡುತ್ತಾ ನುಡಿಸಬೇಕು. ಕೀಬೋರ್ಡಿನ ಧ್ವನಿ ತಂತಿಯಲ್ಲಿ ನೇರವಾಗಿ ಕಂಪ್ಯೂಟರಿಗೆ ಹೋಗುವುದರಿಂದ ನನ್ನ ತಟ್ಟುವಿಕೆ ಎಲ್ಲೂ ದಾಖಲಾಗುವುದಿಲ್ಲ. ವಾರವಿಡೀ ಬ್ಯಾಂಕಿನಲ್ಲಿ ದುಡಿದು ಭಾನುವಾರ ಹೀಗೆ ತೊಡೆ ಕೆಂಪಾಗಿಸಿಕೊಳ್ಳುವ ಹಣೆಬರಹ ಯಾರಿಗಿದೆ ಎಂದು ನಾನು ರೇಗಿಸುತ್ತಿದ್ದೆ.

ಆದರೆ ಕೂತು ಕೇಳುತ್ತಾ ಹೋದಂತೆ ರೇಗಿಸುವುದು ಕಡಿಮೆಯಾಯಿತು. ಮೊದಲ ಜಾವದಲ್ಲಿ ಒಂದೇ ಸ್ವರಮೇಳ. ಈಗ ಬದಲಾಗುತ್ತದೆ, ಈಗ ಬದಲಾಗುತ್ತದೆ ಅನ್ನಿಸುತ್ತದೆ, ಒಂಬತ್ತು ನಿಮಿಷ ಬದಲಾಗುವುದಿಲ್ಲ. ಮಂಚದಿಂದ ಕಾಲು ಕೆಳಗಿಡಲಾಗದ ಮನುಷ್ಯ. ನಾಲ್ಕನೆಯ ಜಾವದಲ್ಲಿ ಬಲಗೈ ಮಕ್ಕಳ ಕುಣಿತದ ಹಾಗೆ ಗೆಲುವಾಗಿ ನುಡಿಯುತ್ತಿರುತ್ತದೆ, ಎಡಗೈ ಕೆಳಗೆ ಬೇರೆಯದನ್ನೇ ಹೇಳುತ್ತಿರುತ್ತದೆ. ಅದು ನಮ್ಮ ಮಗಳು ಅನಘಾ ಸ್ಕೂಲಿನಿಂದ ಬರುವ ಹೊತ್ತು. ಅವಳಿಗಾಗ ಹತ್ತು ವರ್ಷ. ಬ್ಯಾಗ್ ಬಿಸಾಡಿ ಅಪ್ಪನ ಮೇಲೆ ಹಾರುತ್ತಿದ್ದಳು, ಅವನು ನಗುತ್ತಿದ್ದ. ಆ ನಗು ನಗುವಲ್ಲ ಎನ್ನುವುದು ನನಗೆ ಗೊತ್ತಾದದ್ದು ತಾಳ ಹಾಕುತ್ತಾ. ನನಗೆ ಹೇಳದ್ದನ್ನೆಲ್ಲ ಈ ಯಂತ್ರಕ್ಕೆ ಹೇಳುತ್ತಿದ್ದಾನಲ್ಲ ಎಂದು ಹೊಟ್ಟೆ ಉರಿಯಿತು. ಹೊಟ್ಟೆಕಿಚ್ಚೇ ಅದು, ಬೇರೆ ಹೆಸರು ಕೊಡುವುದಿಲ್ಲ.

ಜೂನ್ ಕೊನೆಗೆ ಪರಿಚಯದವರ ಮನೆಯ ಸತ್ಯನಾರಾಯಣ ಪೂಜೆಗೆ ರುಂಡಾಕ್ಕೆ ಹೋಗಿದ್ದೆವು. ಅವನನ್ನು ಎಳೆದುಕೊಂಡೇ ಹೋಗಿದ್ದೆ. ಊಟದ ಹೊತ್ತಿಗೆ ಯಾರೋ ಆಲ್ಬಮ್ ಮಾಡ್ತಿದೀರಂತೆ, ಭಕ್ತಿಗೀತೆಯೋ ಭಾವಗೀತೆಯೋ ಎಂದು ಕೇಳಿದರು. ಡಿಪ್ರೆಶನ್ ಬಗ್ಗೆ ಎಂದು ಗಿರೀಶ ನೆಟ್ಟಗೆ ಹೇಳಿಬಿಟ್ಟ. ಪಂಕ್ತಿಯಲ್ಲಿ ಎಲ್ಲರೂ ಸಾರಿನ ಕಡೆ ನೋಡಿದರು. ಇಷ್ಟೊಳ್ಳೆ ಹವೆ ಇರೋ ಊರಲ್ಲಿ ಯಾವ ಡಿಪ್ರೆಶನ್ನು ಎಂದು ಒಬ್ಬರು, ಪ್ರಾಣಾಯಾಮ ಮಾಡಿ ಎಂದು ಇನ್ನೊಬ್ಬರು. ನಾನು ನಗುತ್ತಾ, ಅದು ಸುಮ್ಮನೆ ಒಂದು ಕಾನ್ಸೆಪ್ಟು, ಅವನಿಗೇನೂ ಇಲ್ಲ ಎಂದೆ. ಅವನು ನನ್ನ ಮುಖ ನೋಡಿದ. ಆಮೇಲೆ ಆ ಮಾತನ್ನು ಬ್ಯಾಂಕಿನಲ್ಲೂ ಹೇಳಿದೆ, ಅತ್ತೆಗೂ ಫೋನಿನಲ್ಲಿ ಹೇಳಿದೆ. ಹೇಳುತ್ತಾ ಹೇಳುತ್ತಾ ನನಗೇ ಅರ್ಧ ನಂಬಿಕೆ ಬಂದಿತ್ತು.

ಮಾತ್ರೆ ಶುರುವಾದ ಮೇಲೆ ಅವನ ಬಲಗೈಯ ಕೊನೆಯ ಎರಡು ಬೆರಳು ಸಣ್ಣಗೆ ನಡುಗುತ್ತಿದ್ದವು. ಲೋಟ ಹಿಡಿದರೆ ಕಾಣದು. ವೇಗವಾಗಿ ನುಡಿಸಿದರೆ ಒಂದರ ಮೇಲೊಂದು ಸ್ವರ ಬಿದ್ದು ಕಲಸಿಹೋಗುತ್ತಿತ್ತು. ತೊಂದರೆಯಾದರೆ ಬಂದು ಹೇಳಿ ಎಂದು ಡಾಕ್ಟರ್ ಮೊದಲೇ ಹೇಳಿದ್ದರು. ಅವನು ಹೋಗಿ ಹೇಳಲಿಲ್ಲ. ಏಳನೆಯ ಜಾವದ ನಡುವೆ ಒಂದು ಓಟವಿದೆ, ಕೀಬೋರ್ಡಿನ ಈ ತುದಿಯಿಂದ ಆ ತುದಿಗೆ. ಮೂರು ಭಾನುವಾರ ಅದೇ ಜಾಗದಲ್ಲಿ ಕೈ ಎಡವಿತು. ಮೂರನೆಯ ಸಲ ಅವನು ಕೀಬೋರ್ಡಿಗೆ ಹೊಡೆದ. ತಲೆಗೆ ಹತ್ತಿ ತುಂಬಿದ ಹಾಗಿದೆ, ಏಳನೆಯದು ನನಗೆ ಕೇಳಿಸುತ್ತಲೇ ಇಲ್ಲ ಎಂದ.

ಜುಲೈ ಮೂರನೆಯ ಭಾನುವಾರ. ಬೆಳಗ್ಗಿನಿಂದ ಎರಡು ಸಲ ಕರೆಂಟು ಹೋಗಿ ಬಂದಿತ್ತು. ನಾನು ಶಾಲು ಸುತ್ತಿಕೊಂಡು ಸ್ಟೂಲಿನ ಮೇಲೆ ಕೂತು ಏಳರ ತಾಳ ಹಿಡಿದೆ. ಅವನು ನುಡಿಸತೊಡಗಿದ. ಓಟದ ಜಾಗ ಬರುತ್ತಿದ್ದಂತೆ ನಾನು ಉಸಿರು ಹಿಡಿದೆ. ಅವನು ಅದನ್ನು ದಾಟಿ, ತಿರುಗಿ ಬಂದು, ಇನ್ನೊಮ್ಮೆ ಇಮ್ಮಡಿ ವೇಗದಲ್ಲಿ ದಾಟಿದ. ಒಂದೊಂದು ಸ್ವರವೂ ಬಿಡಿಬಿಡಿಯಾಗಿ ಕೇಳಿಸಿತು. ಹದಿನಾಲ್ಕು ವರ್ಷದಲ್ಲಿ ಮೊದಲ ಬಾರಿಗೆ ಅವನ ಸಂಗೀತ ಕೇಳಿ ನನ್ನ ಮೈ ಜುಮ್ಮೆಂದಿತು. ಆಗ ಅವನ ಬೆರಳುಗಳನ್ನು ನೋಡಿದೆ. ನಡುಗುತ್ತಿರಲಿಲ್ಲ. ಬೆರಳು ನಡುಗುತ್ತಿಲ್ಲ ಎಂದರೆ ಮಾತ್ರೆ ಹೊಟ್ಟೆಗೆ ಹೋಗುತ್ತಿಲ್ಲ.

ನನಗೆ ಆ ಕ್ಷಣವೇ ಗೊತ್ತಾಯಿತು. ಆಮೇಲೆ ಗೊತ್ತಾಯಿತು, ಅನುಮಾನವಿತ್ತು ಎಂದೆಲ್ಲ ನನಗೆ ನಾನೇ ಹೇಳಿಕೊಂಡಿದ್ದೇನೆ, ಅದೆಲ್ಲ ಸುಳ್ಳು. ಕೈ ನಿಲ್ಲಿಸಿದ್ದರೆ ಅವನೂ ನಿಲ್ಲಿಸುತ್ತಿದ್ದ. ನಾನು ಕೊನೆವರೆಗೂ ತಾಳ ಹಾಕಿದೆ. ಮುಗಿದಾಗ ಅವನು ತಿರುಗಿ ಹೇಗಿತ್ತು ಎಂದ. ಚೆನ್ನಾಗಿತ್ತು ಎಂದೆ. ಇನ್ನೊಂದು ತುಣುಕು ಮುಗಿದರೆ ಈ ಪೀಡೆ ತೊಲಗುತ್ತದೆ, ಮುಗಿಸಲಿ, ಆಮೇಲೆ ಮಾತ್ರೆಯ ಮಾತು ಎತ್ತೋಣ ಎಂದು ಮನಸ್ಸಿನಲ್ಲಿ ಲೆಕ್ಕ ಹಾಕಿದೆ. ನಾನೇನು ಡಾಕ್ಟರಾಗಿದ್ದೆನೇ ಇಂಥ ಲೆಕ್ಕ ಹಾಕಲು?

ಮುಂದಿನ ಮೂರು ವಾರ ಆ ಮನೆಯಲ್ಲಿ ಯಾರೂ ಒಂದು ಕಡೆ ಕೂರಲಿಲ್ಲ. ಗಿರೀಶ ಎದ್ದು ಕಾಂಪೌಂಡಿನ ಸುತ್ತ ನಡೆಯತೊಡಗಿದ. ಬೆಳಗ್ಗೆ ನಡೆದ, ಮಧ್ಯಾಹ್ನ ನಡೆದ. ಗೇಟಿಗೆ ಬಣ್ಣ ಬಳಿಯುತ್ತೇನೆಂದು ಡಬ್ಬಿ ತಂದು ಒಂದು ಕದಕ್ಕೆ ಬಳಿದು ಅಲ್ಲಿಗೇ ಬಿಟ್ಟ. ಊಟಕ್ಕೆ ಕೂತರೆ ಕಾಲು ಕುಣಿಸುತ್ತಿದ್ದ, ಟೇಬಲ್ಲೇ ಅಲ್ಲಾಡುತ್ತಿತ್ತು. ಪಪ್ಪಾ ಈಸ್ ವಾಕಿಂಗ್ ಅಗೇನ್ ಎಂದು ಅನಘಾ ಕಿಟಕಿಯಿಂದ ವರದಿ ಕೊಡುತ್ತಿದ್ದಳು. ನಾನು ದಿನಾ ಬೆಳಗ್ಗೆ ಕಾರಿನ ಕೀ ಹಿಡಿದು ಬಾಗಿಲಲ್ಲಿ ನಿಂತು ಕೇಳಬೇಕು ಎಂದುಕೊಳ್ಳುತ್ತಿದ್ದೆ. ನಾಲಿಗೆ ತುದಿಗೆ ಬಂದದ್ದು ಬಾಯಿಂದ ಹೊರಗೆ ಬರುವಾಗ ಗ್ಯಾಸ್ ಸಿಲಿಂಡರ್ ಹೇಳಿದೆಯಾ, ಮಗಳ ಫೀಸ್ ರಸೀದಿ ಎಲ್ಲಿ ಎಂದಾಗುತ್ತಿತ್ತು. ಎಂಟನೆಯ ಜಾವ ಬರಲೇ ಇಲ್ಲ. ಅವನು ಎಸ್‌ಕ್ಯೂಗೆ ಹೋಗಿ ಕೀಬೋರ್ಡಿನ ಮುಂದೆ ಸುಮ್ಮನೆ ಕೂತು ವಾಪಸ್ ಬರುತ್ತಿದ್ದ. ಆಮೇಲೆ ನಡೆಯುವುದೂ ನಿಂತಿತು, ಊಟವೂ ನಿಂತಿತು.

ಆಗಸ್ಟ್ ಎರಡನೆಯ ವಾರದ ಒಂದು ಬೆಳಗ್ಗೆ, ಮೀಟಿಂಗಿನಲ್ಲಿರುವಾಗ ಫೋನು ಬಂತು. ನಮ್ಮ ಗೇಟಿನ ಕಾವಲುಗಾರ ಒಟಿಯೆನೊ. ಅರವತ್ತು ದಾಟಿದ ಮನುಷ್ಯ, ಎಂದೂ ಫೋನು ಮಾಡಿದವನಲ್ಲ. ಇಲ್ಲಿನ ರೂಢಿಯಂತೆ ಅವನಿಗೆ ನಾನು ಮಾಮಾ ಅನಘಾ, ಅಂದರೆ ಅನಘಾಳ ಅಮ್ಮ, ಗಿರೀಶ ಬಾಬಾ ಅನಘಾ. ಅವನು ಇಂಗ್ಲಿಷೂ ಸ್ವಾಹಿಲಿಯೂ ಬೆರೆಸಿ ಹೇಳಿದ: ಬಾಬಾ ಅನಘಾ ಚಪ್ಪಲಿಯಲ್ಲಿ ಹೊರಗೆ ಹೋದರು, ತಮ್ಮ ಫೋನನ್ನು ನನ್ನ ಕೈಗೆ ಕೊಟ್ಟರು, ಯಾವಾಗ ಬರುತ್ತೀರಿ ಎಂದು ಕೇಳಿದರೆ ಕೈ ಕುಲುಕಿದರು. ಕೊನೆಗೆ ಪೋಲೆ ಮಾಮಾ ಎಂದ. ಕ್ಷಮಿಸಿ ಎನ್ನಲೂ, ಅಯ್ಯೋ ಪಾಪ ಎನ್ನಲೂ ಇಲ್ಲಿ ಅದೇ ಮಾತು. ನಾನು ಮೀಟಿಂಗಿನಿಂದ ಎದ್ದು ಕಾರಿನ ಕಡೆ ಓಡಿದೆ.

ಎಲ್ಲೆಲ್ಲಿ ಹುಡುಕಿದೆನೋ ಈಗ ಸರಿಯಾಗಿ ನೆನಪಿಲ್ಲ. ಸ್ಪ್ರಿಂಗ್ ವ್ಯಾಲಿಯ ಓಣಿಗಳು, ಅವನು ಒಮ್ಮೊಮ್ಮೆ ಹೋಗುತ್ತಿದ್ದ ಕಾಫಿ ಅಂಗಡಿ, ಆರ್ಬೊರೀಟಮ್ ಪಾರ್ಕು. ಹೋದ ಕಡೆಯಲ್ಲೆಲ್ಲ ಫೋಟೋ ತೋರಿಸಿ ಕೇಳಿದೆ. ಮೂರು ವಾರ ಬಾಯಿ ಮುಚ್ಚಿಕೊಂಡಿದ್ದವಳು ಅಂದು ಕಂಡ ಕಂಡ ಅಪರಿಚಿತರಿಗೆಲ್ಲ ನನ್ನ ಗಂಡನಿಗೆ ಹುಷಾರಿಲ್ಲ, ಡಿಪ್ರೆಶನ್ ಇದೆ ಎಂದು ಹೇಳಿದೆ. ಕೊನೆಗೆ ನಾಲ್ಕು ಗಂಟೆಗೆ ಕಾಂಗೆಮಿಯ ಮಟಾಟು ಮಿನಿಬಸ್ಸುಗಳ ನಿಲ್ದಾಣದಲ್ಲಿ ಅವನು ಸಿಕ್ಕ. ಒಂದು ಮಟಾಟುವಿನಿಂದ ಇಳಿದು ಅದೇ ಮಟಾಟುವಿಗೆ ಮತ್ತೆ ಹತ್ತುತ್ತಿದ್ದ. ಈ ಊರಿನ ಮಟಾಟುಗಳಲ್ಲಿ ಹಾಡು ಎಷ್ಟು ಜೋರೆಂದರೆ ಸೀಟು ನಡುಗುತ್ತದೆ. ಬೆಳಗ್ಗಿನಿಂದ ಪೇಟೆಗೂ ಇಲ್ಲಿಗೂ ತಿರುಗುತ್ತಿದ್ದಾರೆ, ನಮ್ಮ ಸೌಂಡು ಇವರಿಗೆ ಬಹಳ ಹಿಡಿಸಿದೆ ಎಂದು ಕಂಡಕ್ಟರ್ ಹೆಮ್ಮೆಯಿಂದ ಹೇಳಿದ. ನಾನು ಅವನಿಗೆ ಅಸಾಂಟೆ, ಅಂದರೆ ಥ್ಯಾಂಕ್ಸ್, ಎಂದೆ. ಒಂದು ಸಲವಲ್ಲ, ನಾಲ್ಕೈದು ಸಲ.

ಕಾರಿನಲ್ಲಿ ಗಿರೀಶ ತಾನಾಗಿ ಮಾತಾಡಿದ. "ಅಲ್ಲಿ ಕೂತ್ರೆ ತಲೆ ಒಳಗಿಂದು ಕೇಳ್ಸಲ್ಲ," ಎಂದ. ಸ್ವಲ್ಪ ಹೊತ್ತಿನ ಮೇಲೆ, "ಎಂಟನೇದು ಏನೂಂತ ಗೊತ್ತಾಯ್ತು ಶೈಲೂ. ಅದ್ರಲ್ಲಿ ಆ ಮನುಷ್ಯ ಇಲ್ಲ," ಎಂದ.

ನಾನು ಮನೆಯ ತಿರುವು ಬಿಟ್ಟು ಸೀದಾ ಡಾಕ್ಟರ್ ವಂಜಿರು ಹತ್ತಿರ ಕಾರು ಓಡಿಸಿದೆ. ಅವರು ಹೊರಡುವುದರಲ್ಲಿದ್ದವರು ಕೋಟು ತೆಗೆದಿಟ್ಟು ಕೂತರು. ಮಾತ್ರೆ ಯಾವಾಗ ಬಿಟ್ಟಿರಿ ಎಂದು ಕೇಳಿದಾಗ ಅವನು ಅಡ್ಡಿಯಿಲ್ಲದೆ ಹೇಳಿದ: ಜುಲೈ ಶುರುವಿಗೆ, ಬೆರಳು ನಡುಗುತ್ತಿದ್ದವು, ಏಳನೆಯದು ಕೇಳಿಸುತ್ತಿರಲಿಲ್ಲ. ಬೆರಳಿನ ನಡುಕಕ್ಕೆ ಬೇರೆ ಮಾತ್ರೆ ಇದೆ, ಬದಲಾಯಿಸಿ ಕೊಡುತ್ತಿದ್ದೆ, ಒಂದು ಮಾತು ಹೇಳಬಾರದಿತ್ತೇ ಎಂದರು ಅವರು. ಆಮೇಲೆ ನನ್ನ ಕಡೆ ತಿರುಗಿ, ಮನೆಯಲ್ಲಿ ಯಾರೂ ಗಮನಿಸಲಿಲ್ಲವೇ ಎಂದು ಕೇಳಿದರು. ಇಲ್ಲ ಎಂದೆ. ಗಿರೀಶ ಪಕ್ಕದ ಕುರ್ಚಿಯಲ್ಲೇ ಇದ್ದ. ಅಂದಿನಿಂದ ಹತ್ತು ದಿನ ಅವನು ಆಸ್ಪತ್ರೆಯಲ್ಲಿದ್ದ. ನಾನು ರಜೆ ಹಾಕಿದೆ. ಬ್ಯಾಂಕಿಗೆ ಬರೆದ ರಜಾ ಅರ್ಜಿಯಲ್ಲಿ ಕಾರಣವನ್ನು ಇದ್ದ ಹಾಗೆ ಬರೆದೆ.

ಹೊಸ ಮಾತ್ರೆ ಹಿಡಿಯಲು ಸಮಯ ತೆಗೆದುಕೊಂಡಿತು. ಎಂಟನೆಯ ಜಾವವನ್ನು ಅವನು ನವೆಂಬರಿನಲ್ಲಿ ಮಾಡಿದ, ಮಳೆ ಬಂದು ಹವೆ ತಿಳಿಯಾದ ಮೇಲೆ. ನಾಲ್ಕು ನಿಮಿಷದ್ದು. ಆ ಮನುಷ್ಯ ಅದರಲ್ಲಿ ಇದ್ದಾನೆ, ಹಲ್ಲುಜ್ಜುತ್ತಾನೆ, ಅಷ್ಟೇ. ನಿಜ ಹೇಳಬೇಕೆಂದರೆ ಅದು ಅಷ್ಟೇನೂ ಚೆನ್ನಾಗಿಲ್ಲ. ಆಲ್ಬಮ್ ಇಂಟರ್ನೆಟ್ಟಿಗೆ ಹೋಯಿತು. ಪೋಲೆಂಡಿನಿಂದ, ಚಿಲಿಯಿಂದ, ಮಂಡ್ಯದಿಂದ ಒಬ್ಬ ಹುಡುಗ, ಹೀಗೆ ಒಂದಿಷ್ಟು ಜನ ಪತ್ರ ಬರೆದರು. ಎಲ್ಲರಿಗೂ ಏಳನೆಯದೇ ಇಷ್ಟ, ಎಂಟನೆಯದು ಪೇಲವ. ನನಗೆ ಎಂಟನೆಯದನ್ನು ಕೇಳಿದರೆ ಕಣ್ಣಲ್ಲಿ ನೀರು ಬರುತ್ತದೆ, ಏಳನೆಯದು ಶುರುವಾದರೆ ಎದ್ದು ಹೋಗುತ್ತೇನೆ. ಗಿರೀಶನಿಗೆ ಈಗ ಮ್ಯೂಸಿಕ್ ಸ್ಕೂಲೊಂದರಲ್ಲಿ ವರ್ಕ್ ಪರ್ಮಿಟ್ಟಿನ ಕೆಲಸವಿದೆ. ನಾವು ಸ್ಪ್ರಿಂಗ್ ವ್ಯಾಲಿಗೆ ಮನೆ ಬದಲಾಯಿಸಿದ್ದೇವೆ. ಯಾರಾದರೂ ಕೇಳಿದರೆ ಚೆನ್ನಾಗಿದ್ದೇವೆ ಎಂದು ಹೇಳುತ್ತೇನೆ.

ಶನಿವಾರ ಪ್ರತಿಭಾಳ ಮನೆಯಿಂದ ಬಂದವಳಿಗೆ ಕೂತಲ್ಲಿ ಕೂರಲಾಗಲಿಲ್ಲ, ನಿಂತಲ್ಲಿ ನಿಲ್ಲಲಾಗಲಿಲ್ಲ. ಭಾನುವಾರ ಬೆಳಗ್ಗೆ ಗಿರೀಶ ಅಡುಗೆಮನೆ ಟೇಬಲ್ಲಿನಲ್ಲಿ ಅವರೆಕಾಯಿ ಬಿಡಿಸುತ್ತಿದ್ದ. ಎದುರಿಗೆ ಕೂತು ಎಲ್ಲ ಹೇಳಿಬಿಟ್ಟೆ. ಆ ಭಾನುವಾರವೇ ಗೊತ್ತಾಗಿತ್ತು ಎಂದೆ. ಬೆರಳು ನೋಡಿದೆ, ಆದರೂ ತಾಳ ನಿಲ್ಲಿಸಲಿಲ್ಲ, ಮೂರು ವಾರ ಸುಮ್ಮನಿದ್ದೆ, ಡಾಕ್ಟರ ಮುಂದೆ ಸುಳ್ಳು ಹೇಳಿದೆ ಎಂದೆ. ಬೈಯಲಿ ಎಂದು ಕಾದೆ.

ಅವನು ಕಾಯಿ ಬಿಡಿಸುವುದನ್ನು ನಿಲ್ಲಿಸಲಿಲ್ಲ. "ಗೊತ್ತಿತ್ತು ನಂಗೆ," ಎಂದ. "ಅವತ್ತು ನೀನು ನನ್ನ ಮುಖ ನೋಡ್ಲೇ ಇಲ್ಲ, ಬರೀ ಬೆರಳು ನೋಡ್ತಿದ್ದೆ."

ನಾನು ರಾಶಿಯಿಂದ ಒಂದು ಕಾಯಿ ಎತ್ತಿಕೊಂಡೆ.

"ದಿನಾ ಬೆಳಗ್ಗೆ ನೀನು ಬಾಗ್ಲಲ್ಲಿ ನಿಲ್ತಿದ್ಯಲ್ಲ, ಇವತ್ತು ಕೇಳ್ತಾಳೆ ಅಂತ ಕಾಯ್ತಿದ್ದೆ. ನಾನಾಗೇ ಹೇಳಕ್ಕೆ ಆಗ್ತಿರ್ಲಿಲ್ಲ ಶೈಲೂ. ನೀನು ಕೇಳಿದ್ರೆ ಅವತ್ತೇ ತಗೋತಿದ್ದೆ."

ಸಿಟ್ಟಿನಿಂದ ಹೇಳಲಿಲ್ಲ, ಅದೇ ನನಗೆ ತಾಳಲಾಗದ್ದು. ಮೂರು ವರ್ಷದಿಂದ ಅವನ ಮಾತ್ರೆಯ ಡಬ್ಬಿಯ ಪಕ್ಕದಲ್ಲೇ ನಾನು ಸಕ್ಕರೆ ಡಬ್ಬಿ ಇಡುತ್ತೇನೆ, ಒಂದು ದಿನವೂ ಬಾಯಿ ಬಿಟ್ಟು ಕೇಳಿಲ್ಲ. ಕೇಳಿದರೆ ಹಳೆಯದೆಲ್ಲ ಎದ್ದು ಬರುತ್ತದೆ ಎಂಬ ಹೆದರಿಕೆ. ಅವನ ಮುಖ ನೋಡಿದೆ.

"ಮಾತ್ರೆ ತಗೊಂಡ್ಯಾ?"

"ಇವತ್ತಿಂದು ಇನ್ನೂ ಇಲ್ಲ," ಎಂದ.

ನೀರು ತರಲು ನಾನೇ ಎದ್ದೆ.